ಅಳತೆ ಪುಸ್ತಕದ ನಲವತ್ತೊಂದನೇ ಹಾಳೆ

ದುರ್ಗಿಗುಡಿ ಅಡ್ಡರಸ್ತೆಯಲ್ಲಿ ಮೂವತ್ತೆರಡು ವರ್ಷ
ಮನುಷ್ಯರನ್ನೇ ಅಳೆದವನು ನಾನು.
ಎದೆ, ಸೊಂಟ, ತೋಳು, ಕುತ್ತಿಗೆ.
ಹೊಟ್ಟೆ ಒಳಗೆಳೆದು ನಿಂತವರಿಗೆ
ಕೇಳದೆಯೇ ಒಂದಿಂಚು ಜಾಸ್ತಿ ಬರೆದುಕೊಂಡವನು.
ಹಕ್ಕಿಗೆ ಅಂಗಿ ಹೊಲಿ ಅಂದವರು ಯಾರೂ ಇರಲಿಲ್ಲ,

ಫ್ಲೇವಿಯಾ ಟೀಚರ್ ಬರುವ ತನಕ.
ಜೊತೆಗೆ ಮೂರನೇ ಕ್ಲಾಸಿನ ಇಂಚರ.
(ಹೆಸರಲ್ಲೇ ಇಂಚಿದೆ ನೋಡಿ, ನಮ್ಮ ಕಸುಬಿನ ಮಗು.)
ಶಾಲೆಯ ನಾಟಕಕ್ಕೆ ಪೆಂಗ್ವಿನ್ ಬೇಕಂತೆ,
ಗುರುವಾರದೊಳಗೆ.

ಅಳತೆ ಕೊಡಿ ಅಂದೆ.
ಟೀಚರ್ ಚೀಟಿ ಬಿಚ್ಚಿದರು:
ಈಗ ಬದುಕಿರುವುದರಲ್ಲಿ ಎಲ್ಲಕ್ಕಿಂತ ದೊಡ್ಡದು
ಚಕ್ರವರ್ತಿ ಪೆಂಗ್ವಿನ್, ಎತ್ತರ ನಲವತ್ತೈದು ಇಂಚು.
ಹುಡುಗಿಯನ್ನು ಬಾಗಿಲ ಚೌಕಟ್ಟಿಗೆ ನಿಲ್ಲಿಸಿ ಟೇಪು ಬಿಟ್ಟೆ.
ನಲವತ್ತೈದು.
ಸರಿಸಮ! ಕುಣಿದೇಬಿಟ್ಟಳು.

ಕುಣಿಯಬೇಡ, ತೂಕ ಕೇಳು ಅಂದರು ಟೀಚರ್.
ನೀನು ಇಪ್ಪತ್ತು ಕೆಜಿ, ಅದು ಮೂವತ್ತು, ನಲವತ್ತು.
ಅದೇ ಎತ್ತರದೊಳಗೆ ಎರಡು ಇಂಚರ!
ಹತ್ತಿ ಎಷ್ಟು ತುಂಬಬೇಕೋ ಎಂದು ನಾನು ತಲೆ ಕೆರೆದೆ.
ಸೊಂಟದ ಜಾಗದಲ್ಲಿ ಒಂದು ಗೀಟು ಎಳೆದೆ.
ಸೊಂಟವೇ ಇಲ್ಲದ ಗಿರಾಕಿ.
ಮಂಡಿ ಇದೆಯಂತೆ, ಅಂಗಿಯೊಳಗೇ ಮಡಚಿಟ್ಟಿದೆಯಂತೆ.

ಮಂಡಗದ್ದೆಗೆ ಒಮ್ಮೆ ಮೊಮ್ಮಕ್ಕಳ ಜೊತೆ ಹೋಗಿದ್ದೆ.
ತುಂಗೆಯ ನಡುಗಡ್ಡೆಯ ಮರಗಳ ತುಂಬ ಬೆಳ್ಳಕ್ಕಿ,
ಯಾರೋ ಒಗೆದು ಒಣಹಾಕಿ ಮರೆತ ಪಂಚೆಗಳ ಹಾಗೆ.
ಅದರಲ್ಲಿ ದೊಡ್ಡದು ಮೂರಡಿ ನಿಲ್ಲುತ್ತದೆ,
ತೂಗಿದರೆ ಹೆಚ್ಚುಕಮ್ಮಿ ಒಂದು ಕೆಜಿ.
ಪೆಂಗ್ವಿನ್ನಿನ ಕುಲದಲ್ಲಿ ತೀರಾ ಪುಟ್ಟದೊಂದಿದೆ, ನೀಲಿ ಬಣ್ಣದ್ದು,
ನನ್ನ ಗಜಕಡ್ಡಿಯ ಮೂರನೇ ಒಂದು ಪಾಲು.
ಅದೂ ಒಂದು ಕೆಜಿಯೇ.
ಹಾರುವ ಹಕ್ಕಿಗೆ ಟೊಳ್ಳು ಬಿದಿರಿನ ಮೂಳೆ,
ಮುಳುಗುವ ಹಕ್ಕಿಗೆ ಗಟ್ಟಿ ಬಿದಿರು.
ಬಟ್ಟೆಗೂ ಹಾಗೇ ಅಲ್ಲವೆ,
ಮೀಟರು ಒಂದೇ,
ವಾಯಿಲು ಬೇರೆ, ಕಂಬಳಿ ಬೇರೆ.

ಉಷ್ಟ್ರಪಕ್ಷಿ? ಎಂಟೊಂಬತ್ತಡಿ, ಅದರ ಮಾತೇ ಬೇಡ.
ಅರ್ಧ ಕುತ್ತಿಗೆ, ಅರ್ಧ ಬರಿಗಾಲು,
ಹೊಲಿಯುವವನಿಗೆ ಅದರಲ್ಲಿ ಲಾಭವಿಲ್ಲ.

ಆಮೇಲೆ ಟೀಚರ್ ಚೀಟಿಯ ಹಿಂಬದಿ ತಿರುಗಿಸಿದರು.
ಸುಮಾರು ಆರು ಕೋಟಿ ವರ್ಷದ ಹಿಂದೆ
ನ್ಯೂಜಿಲೆಂಡಿನ ಕಡಲಲ್ಲಿ ಇನ್ನೊಂದಿತ್ತಂತೆ.
ಸಿಕ್ಕಿದ್ದು ನಾಲ್ಕು ಮೂಳೆ, ಉಳಿದದ್ದು ಲೆಕ್ಕ.
ಎರಡು ಮೂಟೆ ಅಕ್ಕಿಯ ತೂಕ,
ಎತ್ತರ ಅರವತ್ತೊಂಬತ್ತು ಇಂಚು, ಅಂದಾಜು.

ನನ್ನ ಟೇಪು ಅರವತ್ತಕ್ಕೆ ಮುಗಿಯುತ್ತದೆ.

ತುದಿಯ ತಗಡನ್ನು ಹೆಬ್ಬೆರಳಲ್ಲಿ ಒತ್ತಿಹಿಡಿದು
ಸುಮ್ಮನೆ ನಿಂತೆ.
ತೋಬಡೆ ಅನ್ನುವ ನಮ್ಮ ಮನೆತನದಲ್ಲಿ
ಐದಡಿ ಎರಡಿಂಚು ದಾಟಿದವರಿಲ್ಲ.
ಆ ಹಕ್ಕಿ ಬಂದು ಅಂಗಡಿಯಲ್ಲಿ ನಿಂತಿದ್ದರೆ
ಭುಜ ಅಳೆಯಲು ನಾನು ಸ್ಟೂಲು ಹತ್ತಬೇಕಿತ್ತು,
ಅದು ಕೆಳಗೆ ನೋಡುತ್ತಿತ್ತು,
ಬಟ್ಟೆ ಕೆಡಿಸುವ ದರ್ಜಿಯನ್ನು ನೋಡುವ ಹಾಗೆ.

ಯಾಕೆ ಸಣ್ಣದಾಯಿತು? ಕೇಳಿದಳು ಇಂಚರ.
ಸಣ್ಣದಾಗಲಿಲ್ಲ, ದೊಡ್ಡದು ಹೋಯಿತು, ಸಣ್ಣದು ಉಳಿಯಿತು.
ಸೀಲು, ತಿಮಿಂಗಿಲ ಬಂದವೇನೋ. ಯಾರಿಗೂ ಖಾತ್ರಿ ಇಲ್ಲ.
ಟೀಚರ್ ಗಡಿಯಾರ ನೋಡಿಕೊಂಡರು.

ಬುಧವಾರ ರಾತ್ರಿ ಕರೆಂಟು ಹೋಗಿ ಬಂದು ಹೋಗಿ,
ಕಪ್ಪು ಸ್ಯಾಟಿನ್, ಬಿಳಿ ಹೊಟ್ಟೆ, ಕಿವಿಯ ಹತ್ತಿರ ಹಳದಿ,
ಹನ್ನೊಂದೂವರೆಗೆ ಮುಗಿಸಿದೆ.
ಮಡಿಸುವಾಗ ನೋಡುತ್ತೇನೆ, ಕೆಳಗಂಚಿನೊಳಗೆ
ಎರಡಿಂಚು ಬಟ್ಟೆ ಬಿಟ್ಟುಬಿಟ್ಟಿದ್ದೇನೆ.
ಮಕ್ಕಳ ಬಟ್ಟೆ ಅಂದರೆ ಕೈಗೆ ಅದೇ ರೂಢಿ,
ಮುಂದಿನ ವರ್ಷ ಬಿಚ್ಚಿಕೊಳ್ಳಲಿ ಅಂತ.
ಚಕ್ರವರ್ತಿ ಪೆಂಗ್ವಿನ್ ಬೆಳೆದು ಮುಗಿದಿದೆ.
ಒಳಗಿರುವವಳು ಮುಗಿದಿಲ್ಲವಲ್ಲ.
ಬಿಚ್ಚಲಿಲ್ಲ.

ಬಾಗಿಲ ಚೌಕಟ್ಟಿನಲ್ಲಿ ಈಗ ಎರಡು ಸೀಮೆಸುಣ್ಣದ ಗೆರೆ.
ಕೆಳಗಿನದು ಇಂಚರಳದು.
ಮೇಲಿನದನ್ನು ಸ್ಟೂಲು ಹತ್ತಿ ಎಳೆದದ್ದು.
ಜಾಕೀಟಿಗೆ ಬಂದ ಕೆಇಬಿಯ ನಂಜಪ್ಪಗೌಡರು
ಬೆನ್ನು ತಾಗಿಸಿ ನಿಂತು, ನೆತ್ತಿ ಮುಟ್ಟಿಕೊಂಡು
ಇದು ಯಾರದ್ರೀ ಇಷ್ಟೆತ್ತರ ಅಂತಾರೆ.

ಹಳೇ ಗಿರಾಕಿ ಸರ್ ಅಂದೆ.
ಅಳತೆ ಕೊಟ್ಟು ಹೋದವರು,
ಆಮೇಲೆ ಈ ಕಡೆ ಬಂದೇ ಇಲ್ಲ.